ಕೊನೆ ಪಂಕ್ತಿಯ ಡ್ರಮ್ಮಿನವನು

ಟಿ.ವಿ.ಯೊಳಗೆ ಮುನಿಶಾಮಿ ಹಲ್ಲು ಕಚ್ಚಿಕೊಂಡು, ತಲೆಗೂದಲು ಕೆದರಿಕೊಂಡು ಡ್ರಮ್ ಬಾರಿಸುತ್ತಿದ್ದ. ಕೇಳಿಸುತ್ತಿದ್ದದ್ದು ಮಾತ್ರ ನಾಗಸ್ವರ.

ಮುನಿಗಂಗಮ್ಮ ಮೊದಲು ತಪ್ಪನ್ನು ಟಿ.ವಿ.ಯ ಮೇಲೆ ಹೊರಿಸಿದಳು, ಆಮೇಲೆ ವೈರಿನ ಮೇಲೆ. ವೈರು ಕಿತ್ತು ಮತ್ತೆ ಚುಚ್ಚಿ, ಟೇಪನ್ನು ಹಿಂದಕ್ಕೋಡಿಸಿ ಮೊದಲಿನಿಂದ ಹಾಕಿದಳು. ಹಾಡುಗಾರ ಚನ್ನರಾಯಪ್ಪ ಮೈಕನ್ನೇ ನುಂಗುವವನ ಹಾಗೆ ಬಾಯಿ ತೆರೆದ. ಆ ಬಾಯಿಂದ ಹೊರಟದ್ದು ಗಟ್ಟಿಮೇಳ.

ಇಂಥ ಕೆಲಸ ಮಾಡಬಲ್ಲವರು ಇಡೀ ಕೋಲಾರದಲ್ಲಿ ಒಬ್ಬರೇ ಇದ್ದರು. ಅದು ಅವಳೇ.

ಕ್ಲಾಕ್ ಟವರಿನ ಹಿಂದೆ ರಹಮತ್ತುಲ್ಲಾ ಸಾಹೇಬರ ವಿಡಿಯೊ ಅಂಗಡಿಯಲ್ಲಿ ಅವಳಿಗೆ ಎರಡು ಕೆಲಸ. ಒಂದು ಕ್ಯಾಮೆರಾ. ಸಾಹೇಬರ ಕಡೆಯ ಮದುವೆಗಳಲ್ಲಿ ಹೆಂಗಸರ ಕೋಣೆಗೆ ಗಂಡಸರು ಕ್ಯಾಮೆರಾ ಹೊತ್ತು ಹೋಗುವಂತಿಲ್ಲ. ಅದಕ್ಕೇ ಯಲ್ದೂರಿನ ರೈತರ ಮನೆಯ ಈ ಹುಡುಗಿಗೆ ಅವರೇ ಕೂರಿಸಿಕೊಂಡು ಕಲಿಸಿದ್ದರು. ಎರಡನೆಯದು, ಸದ್ದು ಅಳಿಸುವುದು. ಮದುವೆಯ ಟೇಪಿನಲ್ಲಿರುವ ಮಕ್ಕಳ ಅಳು, ಸೌಟಿನ ಸದ್ದು, ‘ಅನ್ನ ಈ ಕಡೆ ಬರ್ಲಿ’ ಎಂಬ ಕೂಗು ಯಾರಿಗೂ ಬೇಡ. ಆಡಿಯೊ ಡಬ್ ಎಂಬ ಗುಂಡಿ ಒತ್ತಿ, ಮುಹೂರ್ತಕ್ಕೆ ನಾಗಸ್ವರ, ಊಟಕ್ಕೆ ಸಿನಿಮಾ ಹಾಡು ತುಂಬಿಸಿದರೆ ಮನೆಯವರಿಗೆ ಆನಂದ. ಮೊದಲಿದ್ದ ಸದ್ದು ಹೋದದ್ದು ಹೋಯಿತು, ಮತ್ತೆ ಬರುವುದಿಲ್ಲ.

ಎಂಬತ್ತೆಂಟನೇ ಇಸವಿಯ ಆ ಬೇಸಿಗೆಯಲ್ಲಿ ಮೇಲಿಂದ ಮೇಲೆ ಹತ್ತೊಂಬತ್ತು ಮದುವೆ. ನಿನ್ನೆ ಮಧ್ಯಾಹ್ನ ಊಟವಾದ ಮೇಲೆ ಗೋಡೆಗೊರಗಿ, ಕಣ್ಣು ಮುಚ್ಚಿಕೊಂಡೇ ನಾಲ್ಕು ಟೇಪುಗಳ ಸದ್ದು ಅಳಿಸಿದ್ದಳು. ಮೂರನೆಯದನ್ನು ಹಾಕಿದಾಗ ‘ಇದರಲ್ಲಿ ಗಲಾಟೆ ಸ್ವಲ್ಪ ಜಾಸ್ತಿ’ ಎಂದುಕೊಂಡದ್ದು ಈಗ ನೆನಪಾಯಿತು.

ಆ ಗಲಾಟೆ ‘ಬ್ಲ್ಯಾಕ್ ಶಾಫ್ಟ್’ ಎಂಬ ಹೆವಿ ಮೆಟಲ್ ಬ್ಯಾಂಡಿನದು. ಮಾಲೂರಿನ ಹೆಂಚಿನ ಕಾರ್ಖಾನೆಯ ಚನ್ನರಾಯಪ್ಪ ಹಾಡುಗಾರ, ಗಣಿ ಕಡೆಯ ಇಬ್ಬರು ಗಿಟಾರಿನವರು, ಡ್ರಮ್ಮಿಗೆ ಆವನಿಯ ಮುನಿಶಾಮಿ. ಯಾವುದೋ ವಿದೇಶಿ ಬ್ಯಾಂಡಿನ ಲೈವ್ ಕಾನ್ಸರ್ಟಿನ ವಿಡಿಯೊವನ್ನು ಕೆ.ಜಿ.ಎಫ್.ನಲ್ಲೊಬ್ಬರ ಮನೆಯಲ್ಲಿ ನೋಡಿ ಬಂದಂದಿನಿಂದ ಚನ್ನರಾಯಪ್ಪನಿಗೆ ಒಂದೇ ಹಟ, ನಮ್ಮದೂ ಹಾಗೊಂದು ಆಗಬೇಕು ಎಂದು. ಆಗುವ ಹೊತ್ತಿಗೆ ಬ್ಯಾಂಡೇ ಮುಗಿಯಲು ಬಂದಿತ್ತು. ಒಬ್ಬ ಗಿಟಾರಿನವನು ಊರು ಬಿಡುವವನಿದ್ದ. ಮುನಿಶಾಮಿಯ ಎಡ ಮಣಿಕಟ್ಟು ಕೆಟ್ಟು, ಇನ್ನು ಬಾರಿಸಬಾರದು ಎಂದು ಡಾಕ್ಟರು ಹೇಳಿಬಿಟ್ಟಿದ್ದರು.

ಹೋಗುವ ಮುಂಚೆ ಒಂದು ಗುರುತು ಉಳಿಯಲಿ ಎಂದು ಹೋದ ಭಾನುವಾರ ಕೋಲಾರದ ಒಂದು ಕಲ್ಯಾಣ ಮಂಟಪದಲ್ಲಿ ಕೊನೆಯ ಕಾರ್ಯಕ್ರಮ ನಡೆಸಿದರು. ಆರ್ಕೆಸ್ಟ್ರಾ ಎಂದುಕೊಂಡು ಬಂದು ಮುಂದಿನ ಸಾಲಿನಲ್ಲಿ ಕೂತಿದ್ದ ಸುಬ್ಬರಾಯಪ್ಪ ಮೇಷ್ಟ್ರು ಎರಡನೇ ಹಾಡಿಗೇ ಕಿವಿಗೆ ಟವೆಲು ಸುತ್ತಿಕೊಂಡರು, ಆದರೆ ಎದ್ದು ಹೋಗಲಿಲ್ಲ. ಮೈಕ್‌ಸೆಟ್ಟಿನ ಪೆದ್ದಪ್ಪ ಹಾಡುಗಳನ್ನು ಕ್ಯಾಸೆಟ್ಟಿಗೆ ಹಿಡಿದ. ಮುನಿಗಂಗಮ್ಮ ವಿಡಿಯೊ ಹಿಡಿದಳು. ನಾಲ್ಕೇ ದಿನಕ್ಕೆ ಅದರ ಮೇಲೆ ನಾಗಸ್ವರ ಸುರಿದಳು.

ಅವಳಿಗೆ ಚನ್ನರಾಯಪ್ಪನ ಭಯವಿರಲಿಲ್ಲ. ಅವನು ಕೂಗಾಡಿ ಸುಮ್ಮನಾಗುತ್ತಾನೆ. ಮುನಿಶಾಮಿ ಕೂಗಾಡುವವನಲ್ಲ, ಅದೇ ಅವಳ ಕಷ್ಟ.

ಅವನ ಪರಿಚಯ ಆ ಬ್ಯಾಂಡಿನಿಂದ ಆದದ್ದಲ್ಲ. ಮದುವೆಗಳಲ್ಲಿ ಮೆರವಣಿಗೆಯ ಮುಂದೆ ಬ್ಯಾಂಡ್‌ಸೆಟ್ಟಿನ ಕೆಂಪು ಕೋಟು ತೊಟ್ಟು ಡ್ರಮ್ ಬಾರಿಸುವವನೂ ಅವನೇ. ಬ್ಯಾಂಡ್‌ಸೆಟ್ಟಿನವರಿಗೂ ವಿಡಿಯೊದವರಿಗೂ ಊಟ ಕೊನೆ ಪಂಕ್ತಿಯಲ್ಲಿ. ಆ ಹೊತ್ತಿಗೆ ಹೋಳಿಗೆ ಮುಗಿದಿರುತ್ತದೆ, ಪಾಯಸದ ತಳ ಕೆರೆಯುವ ಸದ್ದು ಕೇಳುತ್ತಿರುತ್ತದೆ, ಬಡಿಸುವವರ ಮುಖದಲ್ಲಿ ‘ಇನ್ನೂ ಇದ್ದೀರಾ’ ಎಂಬ ಪ್ರಶ್ನೆ ಇರುತ್ತದೆ. ಮೂರು ವರ್ಷ, ಶ್ರೀನಿವಾಸಪುರದಿಂದ ಮಾಲೂರಿನವರೆಗೆ, ಅಂಥ ಪಂಕ್ತಿಗಳಲ್ಲಿ ಅವರಿಬ್ಬರೂ ಎದುರುಬದುರು ಕೂತು ಉಂಡಿದ್ದರು.

ಮೊದಲ ವರ್ಷದ ಕೊನೆಗೆ ಒಂದು ದಿನ ಅವನು ಕೆಂಪು ಕೋಟಿನ ಜೇಬಿನಿಂದ ಬಾಳೆಲೆಯ ಪೊಟ್ಟಣ ತೆಗೆದು ಅವಳ ಎಲೆಯ ತುದಿಗಿಟ್ಟಿದ್ದ. ಬಿಚ್ಚಿದರೆ ಒಂದು ಹೋಳಿಗೆ.

“ಎಲ್ಲಿಂದ ಬಂತು?”

“ಬೆಳಿಗ್ಗೆ ಬೇಯಿಸ್ತಿದ್ದಾಗ್ಲೇ ಎತ್ತಿಟ್ಟಿದ್ದೆ, ವಿಡಿಯೊ ಮೇಡಂ. ಜೇಬಲ್ಲಿ ಸ್ವಲ್ಪ ನಜ್ಜಾಗೈತೆ. ಪರವಾಲೇದು, ತಿನ್ರಿ.” ಪರವಾಗಿಲ್ಲ ಎನ್ನಲು ಅವನ ಬಾಯಿಗೆ ತೆಲುಗೇ ಬರುತ್ತಿತ್ತು.

“ಕೋಟಿನ ಬೆವರು ವಾಸನೆ ಬರ್ತಿದೆ.”

“ಅದೇ ರುಚಿ.”

ಹೇಳಿದವನು ತಲೆ ಎತ್ತಲಿಲ್ಲ. ಅನ್ನ ಕಲೆಸುತ್ತಲೇ ರೆಪ್ಪೆ ಮಾತ್ರ ಎತ್ತಿ, ಅವಳು ಕಚ್ಚಿದಳೋ ಇಲ್ಲವೋ ಎಂದು ನೋಡಿ, ಮತ್ತೆ ಎಲೆಗಿಳಿಸಿದ. ಅಂದಿನಿಂದ ಅವಳು ಮದುವೆಗಳಿಗೆ ಎಷ್ಟೇ ದಣಿದಿದ್ದರೂ ಹಸಿದುಕೊಂಡೇ ಹೋಗುತ್ತಿದ್ದಳು.

ಇಬ್ಬರಿಗೂ ಮೂವತ್ತು ದಾಟಿತ್ತು. ಅವಳನ್ನು ನೋಡಲು ಗಂಡುಗಳು ಬರುವುದು ಎರಡು ವರ್ಷದ ಹಿಂದೆಯೇ ನಿಂತಿತ್ತು. ಯಲ್ದೂರಿನಲ್ಲಿ ಅವಳ ಅವ್ವ ಅಕ್ಕಯಮ್ಮ ಆ ಮಾತನ್ನೇ ಎತ್ತುವುದು ಬಿಟ್ಟಿದ್ದಳು. ಅವನು ಯಾಕೆ ಮದುವೆಯಾಗಲಿಲ್ಲ ಎಂದು ಇವಳು ಕೇಳಿರಲಿಲ್ಲ. ವಾರಕ್ಕೆ ನಾಲ್ಕು ಮದುವೆ ನೋಡುವವರಿಗೆ ಮದುವೆಯ ಮಾತು ಬಾಯಿಗೆ ಬರುವುದು ಕಷ್ಟ. ಆದರೆ ಅವಳು ಅವನನ್ನು ಪ್ರೀತಿಸುತ್ತಿದ್ದಳು, ಇದರಲ್ಲಿ ಮುಚ್ಚುಮರೆ ಏನೂ ಇಲ್ಲ. ಅವನಿಗೆ ಹೇಳಿರಲಿಲ್ಲ, ಅಷ್ಟೇ. ಈಗ ಹೇಳಬೇಕಾಗಿ ಬಂದದ್ದು ಬೇರೆಯೇ ಸುದ್ದಿ.

ಮಧ್ಯಾಹ್ನ ಮೂರು ಗಂಟೆಗೆ ಅವನು ಬಂದ. ಎಡ ಮಣಿಕಟ್ಟಿಗೆ ಬಟ್ಟೆ ಸುತ್ತಿತ್ತು. ಬಲಗೈಯಲ್ಲಿ ಮಾವಿನಹಣ್ಣಿನ ಚೀಲ.

“ಯಲ್ದೂರಿನವಳಿಗೆ ಮಾವಿನಹಣ್ಣು ತಂದಿದ್ದೀರಲ್ಲ, ಬುದ್ಧಿ ಇದೆಯಾ ನಿಮಗೆ?” ಅಭ್ಯಾಸಬಲದಿಂದ ಅಂದಳು.

“ನಮ್ಮ ತೋಟದ ಹಣ್ಣು ರೀ. ನಿಮ್ಮೂರಿನ ಹಣ್ಣಿಗೆ ಪೊಗರು ಜಾಸ್ತಿ.” ಸ್ಟೂಲಿನ ಮೇಲೆ ಕೂತ. “ಡ್ರಮ್ ಸೆಟ್ಟು ಬೆಳಿಗ್ಗೆ ಕೆ.ಜಿ.ಎಫ್.ಗೆ ಹೋಯ್ತು, ಚರ್ಚಿನವರು ತಗೊಂಡ್ರು. ಮನೆ ಬಿಕೋ ಅಂತೈತೆ. ಟೇಪ್ ರೆಡಿಯಾಗಿದ್ರೆ ಒಂದ್ಸಲ ಹಾಕ್ರಿ ಮೇಡಂ. ಇನ್ನು ಬಾರಿಸೋದಂತೂ ಇಲ್ಲ. ಹತ್ತು ವರ್ಷ ಬಡಿದಿದ್ದಕ್ಕೆ ಅದೊಂದು ಉಳೀತು.”

‘ನಾಳೆ ಬನ್ನಿ’ ಎಂಬ ಮಾತು ಅವಳ ನಾಲಿಗೆಯ ತುದಿಯಲ್ಲಿತ್ತು. ಅಂಗಡಿಗೆ ಬಂದವರಿಗೆಲ್ಲ ದಿನಾ ಹೇಳುವ ಮಾತೇ. ಅವನ ಮುಖ ನೋಡಿದ ಮೇಲೆ ಅದು ಹೊರಡಲಿಲ್ಲ.

“ಉಳೀಲಿಲ್ಲ,” ಎಂದಳು. “ನಾನೇ ಅಳಿಸಿಬಿಟ್ಟೆ. ಚಿತ್ರ ಇದೆ. ಸದ್ದು ಹೋಯ್ತು. ಮದುವೆ ಟೇಪು ಅಂದ್ಕೊಂಡು...”

ಅವನಿಗೆ ಅರ್ಥವಾಗಲಿಲ್ಲ. ಅವಳು ಟೇಪು ಹಾಕಿ ತೋರಿಸಿದಳು. ಐದು ನಿಮಿಷ ಅವನು ತನ್ನನ್ನೇ ನೋಡುತ್ತ ಕೂತ. ಟಿ.ವಿ.ಯಲ್ಲಿ ಅವನು ಮೈಮೇಲೆ ದೇವರು ಬಂದವನಂತೆ ಬಾರಿಸುತ್ತಿದ್ದ, ನಾಗಸ್ವರದವನು ಪಕ್ಕದ ಬೀದಿಯಲ್ಲಿ ಯಾರಿಗೋ ತಾಳಿ ಕಟ್ಟಿಸುತ್ತಿದ್ದಂತಿತ್ತು.

“ಅವರ ತಾಳ ಬೇರೆ, ನನ್ನ ತಾಳ ಬೇರೆ,” ಎಂದು ನಗಲು ನೋಡಿದ. ಆಗಲಿಲ್ಲ. ಕಣ್ಣಿನಲ್ಲಿ ನೀರು ತುಂಬಿತು. ಎದ್ದು, ಅವಳು ತರಿಸಿದ್ದ ಟೀಯನ್ನು ಮುಟ್ಟದೆ, “ಬರ್ತೀನ್ರಿ” ಎಂದಷ್ಟೇ ಹೇಳಿ ಹೊರಟುಹೋದ. ಮಾವಿನಹಣ್ಣಿನ ಚೀಲ ಅಲ್ಲೇ ಉಳಿಯಿತು.

ಅವಳು ಆ ಹಣ್ಣುಗಳನ್ನು ಮುಟ್ಟಲಿಲ್ಲ. ಇಳಿಹೊತ್ತಿನ ಅಸರ್ ನಮಾಜು ಮುಗಿಸಿ ಬಂದ ರಹಮತ್ತುಲ್ಲಾ ಸಾಹೇಬರಿಗೆ ಎಲ್ಲವನ್ನೂ ಹೇಳಿದಳು. ಸಾಹೇಬರು ಟೋಪಿ ತೆಗೆದು ತಲೆ ಕೆರೆದುಕೊಂಡರು.

“ಅದ್ರಲ್ಲಿ ಅಳ್ಸೋ ಗಲಾಟೆ ಯಾವ್ದು, ಇಟ್ಕೊಳ್ಳೋ ಗಲಾಟೆ ಯಾವ್ದು ಅಂತ ನನ್ಗೂ ಗೊತ್ತಾಗ್ತಿರ್ಲಿಲ್ಲ ಬೇಟಾ,” ಎಂದರು. ಬಯ್ಯಬಾರದೆಂದು ಹೇಳಿದ ಮಾತು ಅದು. ಬೈದಿದ್ದರೇ ಅವಳಿಗೆ ಹಗುರವಾಗುತ್ತಿತ್ತು.

ಮರುದಿನ ಬೆಳಿಗ್ಗೆ ಅಂಗಡಿಯ ಬಾಗಿಲು ತೆರೆಯುವಾಗ ಮುನಿಶಾಮಿ ಮೆಟ್ಟಿಲ ಮೇಲೆ ಕೂತಿದ್ದ. ರಾತ್ರಿ ನಿದ್ದೆ ಮಾಡಿದ ಮುಖವಾಗಿರಲಿಲ್ಲ, ಜೇಬಿನಲ್ಲಿ ಒಂದು ಕ್ಯಾಸೆಟ್ಟಿತ್ತು.

“ಪೆದ್ದಪ್ಪ ಹಿಡಿದಿದ್ದ ಕ್ಯಾಸೆಟ್ಟು. ಸದ್ದು ಇದ್ರಲ್ಲೈತೆ, ಚಿತ್ರ ನಿಮ್ಮತ್ರ ಐತೆ. ಎರಡನ್ನೂ ಕೂಡ್ಸೋಕಾಗಲ್ವಾ?”

“ಆಗುತ್ತೆ. ಆದ್ರೆ ಎರಡು ಮಿಷನ್ನಿನ ಓಟ ಒಂದೇ ಅಲ್ಲ. ಹಾಡು ಹಾಡಿಗೂ ಹೊಂದಿಸ್ಕೋಬೇಕು. ನೀವು ಪಕ್ಕದಲ್ಲಿ ಕೂತು ನಿಮ್ಮ ಕೈ ನೋಡಿ ಹೇಳ್ಬೇಕು.” ತಡೆದು ಕೇಳಿದಳು, “ನಿನ್ನೆ ಕೋಪ ಬಂದಿತ್ತಾ?”

“ಬಂದಿತ್ತು. ಮುಳಬಾಗಿಲು ಬಸ್ಸಲ್ಲಿ ಕೂತ್ಮೇಲೆ ನೆನಪಾಯ್ತು, ಭಾನುವಾರ ಕಾರ್ಯಕ್ರಮ ಮುಗಿದ್ಮೇಲೆ ನೀವು ಗೋಡೆಗೊರಗಿ ನಿಂತ್ಕೊಂಡೇ ನಿದ್ದೆ ಮಾಡ್ತಿದ್ರಿ. ಇಷ್ಟು ದಣಿದವ್ರ ಮೇಲೆ ಕೋಪ ಮಾಡ್ಕೊಳ್ಳೋಕೂ ಸುಸ್ತಾಗುತ್ತೆ ರೀ.”

ಹಾಗೆ ಶುರುವಾಯಿತು. ಮೂರು ದಿನ, ಬೆಳಿಗ್ಗೆ ಎಂಟರಿಂದ ಅಂಗಡಿಗೆ ಗಿರಾಕಿಗಳು ಬರುವವರೆಗೆ. ಅವಳ ಒಂದು ಬೆರಳು ವಿಡಿಯೊದ ಗುಂಡಿಯ ಮೇಲೆ, ಇನ್ನೊಂದು ಟೇಪ್‌ರೆಕಾರ್ಡರಿನ ಗುಂಡಿಯ ಮೇಲೆ. ಟಿ.ವಿ.ಯ ಮುನಿಶಾಮಿ ಹಾಡಿಗೆ ಮುಂಚೆ ಎರಡೂ ಕೋಲನ್ನು ತಲೆಯ ಮೇಲೆತ್ತಿ ಒಂದಕ್ಕೊಂದು ನಾಲ್ಕು ಸಲ ತಟ್ಟುತ್ತಾನೆ. ಸ್ಟೂಲಿನ ಮುನಿಶಾಮಿ “ಒಂದು, ಎರಡು, ಮೂರು, ಹ್ಞೂಂ” ಎನ್ನುತ್ತಾನೆ. ಇವಳು ಎರಡೂ ಬೆರಳು ಬಿಡುತ್ತಾಳೆ. ಒಂದು ಕೂದಲೆಳೆ ತಪ್ಪಿದರೂ ಕೋಲು ಬಿದ್ದ ಮೇಲೆ ಸದ್ದು ಬರುತ್ತದೆ, ಮತ್ತೆ ಮೊದಲಿನಿಂದ.

“ನೀವು ‘ಹ್ಞೂಂ’ ಅನ್ನೋದು ತಡ ಆಗ್ತಿದೆ.”

“ನೀವು ಕೇಳಿಸ್ಕೊಳ್ಳೋದು ತಡ.”

“ನಾನು ಮೂರು ವರ್ಷದಿಂದ ಕೇಳಿಸ್ಕೊಳ್ತಾನೇ ಇದ್ದೀನಿ. ನೀವೇ ಏನೂ ಹೇಳಿಲ್ಲ.”

ಅಂದ ಮೇಲೆ ಅವಳಿಗೇ ಗಾಬರಿಯಾಗಿ, ಬಗ್ಗಿ ಇಲ್ಲದ ವೈರನ್ನು ಹುಡುಕಿದಳು. ಅವನು ಕೆಮ್ಮಿದ. ಮುಂದಿನ ಸಲಕ್ಕೇ ಆ ಹಾಡು ಹೊಂದಿಕೊಂಡಿತು.

ಎರಡನೇ ದಿನ ನಾಲ್ಕನೇ ಹಾಡಿನ ನಡುವೆ ಅವನು ಹಣೆ ಸುಕ್ಕಾಗಿಸಿ ಟಿ.ವಿ.ಯ ಹತ್ತಿರ ಬಾಗಿದ.

“ಅಲ್ಲ ರೀ, ಮೂರು ಹಾಡಾಯ್ತು. ಚನ್ನರಾಯಪ್ಪ ಎಲ್ಲಿ?”

“ಇದ್ದಾರಲ್ಲ, ಮೊದಲನೇ ಹಾಡಲ್ಲಿ.”

“ಅದು ಬಿಟ್ರೆ? ಗಿಟಾರಿನವ್ರು? ಬರೀ ನನ್ನ ಕೈ, ನನ್ನ ಮುಖ, ನನ್ನ ಕೈ.”

“ಸ್ಟ್ಯಾಂಡು ತಿರುಗ್ತಿರಲಿಲ್ಲ. ಮತ್ತೆ ನಿಮ್ಮ ಹಿಂದೆ ಬೆಳಕು ಚೆನ್ನಾಗಿತ್ತು. ಮತ್ತೆ ಆ ಮೇಷ್ಟ್ರ ಟವೆಲ್ ಅಡ್ಡ ಬರ್ತಿತ್ತು.” ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ಅವನು ಕೇಳಿದ್ದು ಒಂದು, ಅವಳು ಕೊಟ್ಟ ಕಾರಣ ಮೂರು.

ನಿಜವೇನೆಂದರೆ, ಅಂದು ಅವಳಿಗೆ ತಾನು ಎಲ್ಲಿ ನೋಡುತ್ತಿದ್ದೇನೆ ಎಂಬುದೇ ಗೊತ್ತಿರಲಿಲ್ಲ. ಇನ್ನು ಮೇಲೆ ಇವನು ಬಾರಿಸುವುದಿಲ್ಲ, ಬಾರಿಸದಿದ್ದರೆ ಮದುವೆಗಳಿಗೆ ಬರುವುದಿಲ್ಲ, ಬರದಿದ್ದರೆ ಕೊನೆ ಪಂಕ್ತಿಯಲ್ಲಿ ತನ್ನೆದುರಿನ ಎಲೆ ಖಾಲಿ. ಇಷ್ಟೇ ತಲೆಯಲ್ಲಿದ್ದದ್ದು. ಕ್ಯಾಮೆರಾ ಅವಳ ಹೆಗಲ ಮೇಲಿತ್ತು, ಅವಳು ತಿರುಗಿದ ಕಡೆ ತಿರುಗಿತ್ತು.

ಅಷ್ಟರಲ್ಲಿ ಸಾಹೇಬರು ಒಳಗೆ ಬಂದರು. ಕನ್ನಡಕ ಏರಿಸಿ ಟಿ.ವಿ.ಯನ್ನು ನೋಡಿದರು, ಮುನಿಶಾಮಿಯನ್ನು ನೋಡಿದರು, ಅವಳನ್ನು ನೋಡಿದರು.

“ಗಂಗಮ್ಮಾ, ನಾನೇನು ಕಲ್ಸಿದ್ದೆ? ಯಾರ ಮುಖಾನೂ ಬಿಡ್ಬಾರ್ದು, ಒಬ್ರ ಮುಖದ ಮೇಲೇ ನಿಲ್ಬಾರ್ದು ಅಂತ ಅಲ್ವಾ? ಮದುವೆ ಟೇಪಲ್ಲಿ ಮದುಮಗನ್ನೂ ಇಷ್ಟೊತ್ತು ತೋರ್ಸಿಲ್ವಲ್ಲ ನೀನು.”

ಹೇಳಿ, ಬೇಕಾದ ಬೀಗದಕೈ ತೆಗೆದುಕೊಂಡು, ಏನೂ ಆಗದವರಂತೆ ಹೊರಟುಹೋದರು.

ಒಳಗೆ ಬ್ಲ್ಯಾಕ್ ಶಾಫ್ಟಿನ ಅಷ್ಟೂ ಗಲಾಟೆ ನಡೆಯುತ್ತಿತ್ತು. ಆದರೂ ಅವಳಿಗೆ ತನ್ನ ಎದೆಬಡಿತ ಕೇಳಿಸಿತು. ಅವನು ಅವಳ ಕಡೆ ತಿರುಗಲಿಲ್ಲ. ಕಿವಿಯ ತುದಿ ಮಾತ್ರ ಕೆಂಪಾಯಿತು. ಟಿ.ವಿ.ಯನ್ನೇ ನೋಡುತ್ತ, ಮೆಲ್ಲಗೆ ಹೇಳಿದ:

“ಒಳ್ಳೇದೇ ಆಯ್ತು ಬಿಡ್ರಿ. ನನ್ನ ಕೈ ಕಾಣಿಸ್ತಿರೋದಕ್ಕೇ ಹೊಂದಿಸೋಕಾಗ್ತಿರೋದು.”

ಮೂರನೇ ದಿನ ಐದನೇ ಹಾಡಿಗೆ ಬಂದರು. ಅದರ ನಡುವೆ ಉಳಿದವರೆಲ್ಲ ನಿಂತು, ಮುನಿಶಾಮಿಯೊಬ್ಬನೇ ಎರಡು ನಿಮಿಷ ಬಾರಿಸುವ ಸೋಲೋ ಇತ್ತು. ಅದಕ್ಕಾಗಿಯೇ ಅವನು ಮೂರು ದಿನದಿಂದ ಕಾದಿದ್ದ. ಗಿಟಾರುಗಳು ನಿಂತವು. ಅವನು ಕೋಲೆತ್ತಿದ. ಟೇಪ್‌ರೆಕಾರ್ಡರು ಟಕ್ಕೆಂದು ನಿಂತುಹೋಯಿತು.

ಕ್ಯಾಸೆಟ್ಟಿನ ಆ ಮಗ್ಗುಲು ಮುಗಿದಿತ್ತು. ತಿರುಗಿಸಿ ಹಾಕಿದರೆ ಸೋಲೋ ಮುಗಿದು ಚನ್ನರಾಯಪ್ಪ ಆಗಲೇ ಕಿರುಚುತ್ತಿದ್ದ. ನಡುವಿನ ಎರಡು ನಿಮಿಷ ಎಲ್ಲೂ ಇರಲಿಲ್ಲ.

ಮುನಿಶಾಮಿ ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡ.

“ಕ್ಯಾಸೆಟ್ ಕೊಡುವಾಗ ಪೆದ್ದಪ್ಪ ಹೇಳ್ದ. ‘ಒಂದು ಹಾಡೂ ಕೆಡಿಸಿಲ್ಲ ಕಣ್ಲಾ, ಹಾಡು ನಿಂತು ನೀನೊಬ್ನೇ ಏನೋ ಬಡ್ಕೊಂಡು ರಿಪೇರಿ ಮಾಡ್ತಿದ್ಯಲ್ಲ, ಆಗ ತಿರುಗಿಸ್ಕೊಂಡೆ, ಒಂದು ಬೀಡೀನೂ ಸೇದ್ಕೊಂಡೆ’ ಅಂತ. ಏನು ಹೇಳ್ತವ್ನೆ ಅಂತ ಆಗ ಅರ್ಥ ಆಗ್ಲಿಲ್ಲ.”

ಅವಳಿಗೆ ನಗು ಬಂತು, ಅಳುವೂ ಬಂತು. ಅವನ ಸದ್ದನ್ನು ಒಬ್ಬಳು ಗಲಾಟೆ ಎಂದು ಅಳಿಸಿದಳು, ಇನ್ನೊಬ್ಬ ರಿಪೇರಿ ಎಂದು ಬಿಟ್ಟ.

“ಬಿಡ್ರಿ,” ಎಂದು ಅವನು ಎದ್ದ. ದನಿಯಲ್ಲಿ ಕೋಪವೂ ಇರಲಿಲ್ಲ. “ಅಲ್ಲಿ ನಾಗಸ್ವರಾನೇ ಇರ್ಲಿ. ಪರವಾಲೇದು.”

“ಪರವಾಲೇದು ಅಲ್ಲ!”

ಅವನು ಬೆಚ್ಚಿದ. ಮೂರು ವರ್ಷದಲ್ಲಿ ಅವಳು ಅವನ ಮೇಲೆ ದನಿ ಎತ್ತಿದ್ದು ಅದೇ ಮೊದಲು.

“ಹೋಳಿಗೆ ಮುಗಿದ್ರೆ ಪರವಾಲೇದು. ಡ್ರಮ್ಮು ಹೋದ್ರೆ ಪರವಾಲೇದು. ಇರ್ಲಿ ಬಿಡು, ಇರ್ಲಿ ಬಿಡು ಅಂತಾನೇ ನಮಗಿಷ್ಟು ವಯಸ್ಸಾಯ್ತು, ಗೊತ್ತಾ? ನನಗೆ ಸಾಕಾಗಿದೆ. ಕೂತ್ಕೊಳ್ಳಿ. ಈಗಲೇ ಬಾರಿಸಿ.”

“ಏನು ಬಾರಿಸ್ಲಿ? ಡ್ರಮ್ ಎಲ್ಲೈತೆ?”

ಅವಳು ಮೂಲೆಯಲ್ಲಿದ್ದ ತಗಡಿನ ಟ್ರಂಕಿನ ಮೇಲಿನ ಆಲ್ಬಮ್ಮುಗಳನ್ನೆಲ್ಲ ನೆಲಕ್ಕಿಳಿಸಿ, ಅದನ್ನು ಎಳೆದು ತಂದು ಅವನ ಮುಂದಿಟ್ಟಳು. ಪಕ್ಕಕ್ಕೆ ಬೆತ್ತದ ಕುರ್ಚಿ ಬೋರಲು ಹಾಕಿದಳು. ತನ್ನ ಊಟದ ಡಬ್ಬಿಯ ಮುಚ್ಚಳವನ್ನು ದಾರದಲ್ಲಿ ಕಟ್ಟಿ ಕ್ಯಾಮೆರಾ ಸ್ಟ್ಯಾಂಡಿಗೆ ನೇತುಹಾಕಿದಳು. ಅವನು ಬಾಯಿ ತೆರೆದು ನೋಡುತ್ತಿದ್ದ. ಆಮೇಲೆ, ನಾಚಿಕೊಂಡವನಂತೆ, ಚೀಲದಿಂದ ಎರಡು ಕೋಲು ತೆಗೆದ.

“ಸೆಟ್ಟು ಕೊಟ್ಟೆ. ಇವೆರಡು ಕೊಡೋಕೆ ಮನಸ್ಸಾಗ್ಲಿಲ್ಲ.”

ಅವಳು ಮೈಕು ಇಟ್ಟು ಗುಂಡಿ ಒತ್ತಿದಳು. ಟಿ.ವಿ.ಯ ಕೈ ಎದ್ದಿತು, ಅವನ ಕೈಯೂ ಎದ್ದಿತು. ಟ್ರಂಕು ಗುಡುಗಿತು, ಕುರ್ಚಿ ದಡಬಡಿಸಿತು, ಮುಚ್ಚಳ ಝಣ್ ಎಂದಿತು. ಬೀದಿಯಲ್ಲಿ ಹೋಗುವವರು ನಿಂತು ಒಳಗೆ ಇಣುಕಿದರು. ಅವನು ಟಿ.ವಿ.ಯೊಳಗಿನ ತನ್ನನ್ನೇ ಬೆನ್ನಟ್ಟಿ ಹಿಡಿಯುತ್ತಿದ್ದ. ಅರ್ಧಕ್ಕೆ ಬಂದಾಗ ಎಡಗೈಯ ಕೋಲು ಜಾರಿ ನೆಲಕ್ಕೆ ಬಿತ್ತು. ಅವನು ಮಣಿಕಟ್ಟು ಹಿಡಿದುಕೊಂಡು ಬಗ್ಗಿದ.

ಟೇಪು ನಿಲ್ಲಿಸಿದರು. ಇನ್ನೊಂದು ಸಲ ಶುರು ಮಾಡಿದರು, ಅಲ್ಲಿಗೇ ಬಂದು ಕೋಲು ಬಿತ್ತು.

“ಆಗಲ್ಲ ಗಂಗಾ,” ಎಂದ. ಹೆಸರು ಹಿಡಿದು ಕರೆದದ್ದು ಅವನಿಗೆ ಗೊತ್ತಾಗಲಿಲ್ಲ. ಅವಳಿಗೆ ಗೊತ್ತಾಯಿತು.

ಅವಳು ಕೆಳಗೆ ಬಿದ್ದ ಕೋಲನ್ನು ಎತ್ತಿಕೊಂಡು ಬಂದು ಅವನ ಎಡಪಕ್ಕದಲ್ಲಿ ನೆಲಕ್ಕೆ ಕೂತಳು.

“ಎಡಗೈ ನಂದು.”

“ನಿಮಗೆ ಬರುತ್ತಾ?”

“ಬಾರಿಸೋಕೆ ಬರಲ್ಲ. ಆದ್ರೆ ನಿ‌ಮ್ಮ ಎಡಗೈ ಎಲ್ಲೆಲ್ಲಿ ಬೀಳುತ್ತೆ ಅಂತ ಗೊತ್ತು. ಈ ಮೂರು ದಿನದಲ್ಲಿ ಅದನ್ನ ಐವತ್ತು ಸಲ ನೋಡಿದ್ದೀನಿ. ಕಾರ್ಯಕ್ರಮದ ದಿನ ನೋಡಿದ್ದು ಬೇರೆ. ಅದಕ್ಕೆ ಮುಂಚೆ ಮೂರು ವರ್ಷ ನೋಡಿದ್ದು ಬೇರೆ.”

ಅವನು ಈ ಸಲ ರೆಪ್ಪೆ ಇಳಿಸಲಿಲ್ಲ. ನೇರವಾಗಿ, ಸಾವಕಾಶವಾಗಿ ಅವಳ ಮುಖವನ್ನೇ ನೋಡಿದ. ಅವಳ ಹಣೆಗೆ ಅಂಟಿದ್ದ ಕೂದಲು, ಕಣ್ಣ ಕೆಳಗಿನ ಕಪ್ಪು, ಕೋಲನ್ನು ಸೌಟಿನಂತೆ ಹಿಡಿದ ಬೆರಳು, ಎಲ್ಲವನ್ನೂ ನೋಡಿದ. ಆಮೇಲೆ ಆ ಬೆರಳುಗಳನ್ನು ಒಂದೊಂದಾಗಿ ಬಿಡಿಸಿ, ಕೋಲನ್ನು ಸರಿಯಾಗಿ ಹಿಡಿಸಿದ.

“ಮೆತ್ತಗೆ ಹಿಡೀರಿ. ಅದು ಎಲ್ಲೂ ಹೋಗಲ್ಲ.”

ಮೂರನೇ ಸಲ ಟೇಪು ಓಡಿತು. ಒಂದು ನಿಮಿಷ ಅವನೊಬ್ಬನೇ ಒಂದೇ ಕೋಲಿನಲ್ಲಿ ಬಲಗೈಯಿಂದ ನಿಭಾಯಿಸಿದ. ಕಷ್ಟದ ಜಾಗ ಬಂದಾಗ ತಲೆಯಾಡಿಸಿದ, ಅವಳ ಕೈ ಇಳಿಯಿತು. ಒಂದೆರಡು ಕಡೆ ಹಿಂದಾಯಿತು, ಒಂದು ಕಡೆ ಟ್ರಂಕಿನ ಬದಲು ಅವನ ಮೊಣಕಾಲಿಗೇ ಬಿತ್ತು, ಅವನು “ಹಾ” ಎಂದ. ಆದರೆ ನಿಲ್ಲಲಿಲ್ಲ. ಕೊನೆಯ ಹೊಡೆತಕ್ಕೆ ಎರಡೂ ಕೋಲು ಒಟ್ಟಿಗೆ ಟ್ರಂಕಿನ ಮೇಲೆ ಬಿದ್ದವು. ಟಿ.ವಿ.ಯಲ್ಲಿ ಜನ ಎದ್ದು ನಿಂತು ಕೈ ಮೇಲೆತ್ತಿದರು. ಇಬ್ಬರೂ ಬೆವರಿ, ಏದುಸಿರು ಬಿಡುತ್ತ, ಗೋಡೆಗೊರಗಿ ಕೂತರು.

ಹಿಂದಕ್ಕೋಡಿಸಿ ಕೇಳಿದರು. ಟ್ರಂಕಿನ ಸದ್ದು ಪರವಾಗಿಲ್ಲ, ದೂರದಿಂದ ಕೇಳಿದರೆ ಡ್ರಮ್ಮೇ. ಆದರೆ ಅರ್ಧದಿಂದ ಮುಂದಕ್ಕೆ ಪ್ರತಿ ಹೊಡೆತದ ಹಿಂದೆಯೂ ಇನ್ನೊಂದು ಸಣ್ಣ ಸದ್ದು ಇತ್ತು. ಗಲ್ ಗಲ್, ಗಲ್ ಗಲ್.

ಮುನಿಗಂಗಮ್ಮ ತನ್ನ ಕೈ ನೋಡಿಕೊಂಡಳು. ಗಾಜಿನ ಬಳೆ ತೆಗೆದಿಡುವುದು ಮರೆತುಹೋಗಿತ್ತು.

“ಅಯ್ಯೋ, ಇದೂ ಹಾಳಾಯ್ತು. ಬಳೆ ತೆಗೆದಿಡ್ತೀನಿ. ಇದನ್ನ ಅಳಿಸಿ ಇನ್ನೊಂದು ಸಲ...”

ಗುಂಡಿಯ ಕಡೆ ಚಾಚಿದ ಅವಳ ಕೈಯನ್ನು ಅವನು ಹಿಡಿದುಕೊಂಡ. ಬಟ್ಟೆ ಸುತ್ತಿದ ನೋವಿನ ಕೈಯಿಂದಲೇ ಹಿಡಿದ.

“ಬೇಡ. ಈ ಕೈಯಿಂದ ಇನ್ನೇನೂ ಅಳಿಸ್ಬೇಡ.”

ಅವಳ ಕಣ್ಣಿನಿಂದ ನೀರು ಇಳಿಯಿತು. ಒರೆಸಿಕೊಳ್ಳಲು ಒಂದು ಕೈಯಲ್ಲಿ ಕೋಲು, ಇನ್ನೊಂದು ಕೈ ಅವನ ಹತ್ತಿರ. ಹಾಗೇ ಬಿಟ್ಟಳು.

“ನಾನು ಹೇಳ್ಬೇಕು ಅಂತ ಎಷ್ಟೋ ಸಲ ಅಂದ್ಕೊಂಡೆ,” ಎಂದ ಅವನು. “ಪ್ರತಿ ಮದುವೇಲೂ ಅಂದ್ಕೊಳ್ತಿದ್ದೆ. ಊಟಕ್ಕೆ ಕೂರೋ ಹೊತ್ಗೆ ಮಾತಾಡೋಕೂ ತ್ರಾಣ ಇರ್ತಿರ್ಲಿಲ್ಲ. ಹೋಳಿಗೆ ಕೊಟ್ರೆ ಅರ್ಥ ಆಗುತ್ತೆ ಅಂತ ಬಿಟ್ಟೆ.”

“ಅರ್ಥ ಆಗಿತ್ತು. ಬಾಯಲ್ಲಿ ಕೇಳ್ಬೇಕಿತ್ತು.”

“ಇಷ್ಟ ಗಂಗಾ. ನಿನ್ನ ಕಂಡ್ರೆ ಬಹಳ ಇಷ್ಟ. ಈಗ ಡ್ರಮ್ಮೂ ಇಲ್ಲ, ಕೈಯೂ ನೆಟ್ಟಗಿಲ್ಲ. ಆವನೀಲಿ ಅಕ್ಕನ ಜೊತೆ ಹಿಪ್ಪುನೇರಳೆ ತೋಟ ನೋಡ್ಕೊಂಡಿರ್ತೀನಿ, ರೇಷ್ಮೆ ಹುಳು ಸಾಕ್ತೀನಿ. ಬರ್ತೀಯಾ?”

“ಕ್ಯಾಮೆರಾ ಬಿಡಲ್ಲ.”

“ಬಿಡು ಅಂತ ಯಾರಂದ್ರು? ಬಸ್ಸೈತಲ್ಲ.” ಮತ್ತೆ ಅವನೇ ಹೇಳಿದ, “ನಂದೊಂದೇ ಆಸೆ. ಜೀವನದಲ್ಲಿ ಒಂದ್ಸಲ ಮೊದಲನೇ ಪಂಕ್ತೀಲಿ ಕೂತು ಬಿಸಿಬಿಸಿ ಊಟ ಮಾಡ್ಬೇಕು. ನಮ್ಮ ಮದುವೆ ಆದ್ರೆ ಅದಾಗುತ್ತೆ.”

ಅವಳು ಅಳುತ್ತಲೇ ನಕ್ಕುಬಿಟ್ಟಳು.

“ಎಷ್ಟು ಮದುವೆಗೆ ಬಾರಿಸಿದ್ದೀರಿ, ಇಷ್ಟೂ ನೋಡಿಲ್ವಾ? ನೆಂಟರೆಲ್ಲ ಉಂಡು, ಫೋಟೊ, ವಿಡಿಯೊ ಎಲ್ಲಾ ಮುಗಿದು, ಹೆಣ್ಣು ಗಂಡು ಊಟಕ್ಕೆ ಕೂರೋದೂ ಕೊನೆ ಪಂಕ್ತೀಲೇ.”

ಅವನು ಯೋಚಿಸಿದ. ನೂರಾರು ಮದುವೆಗಳನ್ನು ಮನಸ್ಸಿನಲ್ಲೇ ತಿರುವಿ ನೋಡಿದವನಂತೆ ತಲೆಯಾಡಿಸಿದ.

“ಹೌದಲ್ಲ. ಹಂಗಾದ್ರೆ ನಮಗೇನೂ ಹೊಸದಿಲ್ಲ ಬಿಡು.”

ಮುಂದಿನ ಭಾನುವಾರ ಸಂಜೆ ನಾಲ್ಕು ಗಂಟೆಗೆ ಅಂಗಡಿಯ ಮುಂದಿನ ಜಗಲಿಯಲ್ಲಿ ಟಿ.ವಿ. ಇಟ್ಟು ಬ್ಲ್ಯಾಕ್ ಶಾಫ್ಟಿನ ಲೈವ್ ವಿಡಿಯೊ ತೋರಿಸಿದರು. ಇಬ್ಬರೂ ಗಿಟಾರಿನವರು ಬಂದಿದ್ದರು. ಪೆದ್ದಪ್ಪ ಬೀಡಿ ಹಚ್ಚಿಕೊಂಡು ಎಲ್ಲರಿಗೂ ‘ಸದ್ದು ನಂದು’ ಎಂದು ಹೇಳುತ್ತಿದ್ದ. ಸುಬ್ಬರಾಯಪ್ಪ ಮೇಷ್ಟ್ರೂ ಬಂದು, ಟವೆಲನ್ನು ಮೊದಲೇ ಕಿವಿಗೆ ಸುತ್ತಿಕೊಂಡು ಮುಂದೆ ಕೂತರು. ಮಾಲೂರಿನಿಂದ ಬಂದ ಚನ್ನರಾಯಪ್ಪ ಮೊದಲ ಹಾಡಿಗೆ ಎದೆಯುಬ್ಬಿಸಿದ. ಎರಡನೆಯದಕ್ಕೆ ಟಿ.ವಿ.ಯ ಹತ್ತಿರ ಸರಿದ. ಮೂರನೆಯದಕ್ಕೆ ತಡೆಯಲಾಗಲಿಲ್ಲ.

“ಲೇ, ಹಾಡಿದ್ದು ನಾನು ಕಣ್ರೋ! ನನ್ನ ಮುಖ ಎಲ್ರೋ?”

“ಕೇಳಿಸ್ತಿದೆಯಲ್ಲ, ಸಾಲ್ದಾ?” ಎಂದರು ಮೇಷ್ಟ್ರು.

ಐದನೇ ಹಾಡು ಬಂತು. ಗಿಟಾರುಗಳು ನಿಂತವು. ಟಿ.ವಿ.ಯ ಮುನಿಶಾಮಿ ಕೋಲೆತ್ತಿ ಸೋಲೋ ಶುರುಮಾಡಿದ. ಮುನಿಗಂಗಮ್ಮ ಬಾಗಿಲ ಹಿಂದೆ ಸರಿದು ನಿಂತಳು. ಒಂದು ನಿಮಿಷ ಕಳೆಯಿತು. ಚನ್ನರಾಯಪ್ಪ ಕುತ್ತಿಗೆ ಓರೆ ಮಾಡಿದ, ಕಿವಿಯಲ್ಲಿ ಬೆರಳಾಡಿಸಿಕೊಂಡ, ಮತ್ತೆ ಕೇಳಿಸಿಕೊಂಡ.

“ಏನ್ಲಾ ಮುನಿ, ಹೆವಿ ಮೆಟಲ್ ಮಧ್ಯೆ ಇದೇನೋ ಬಳೆ ಸದ್ದು?”

ಮುನಿಶಾಮಿ ಟಿ.ವಿ.ಯಿಂದ ಕಣ್ಣು ತೆಗೆಯಲಿಲ್ಲ.

“ಅದು ನನ್ನ ಎಡಗೈ ಕಣೋ,” ಎಂದ.

ಚನ್ನರಾಯಪ್ಪ ಅವನ ಎಡಗೈ ನೋಡಿದ. ಅದು ಬಟ್ಟೆ ಸುತ್ತಿಕೊಂಡು ಮಡಿಲಲ್ಲಿ ಸುಮ್ಮನೆ ಮಲಗಿತ್ತು. ಆಮೇಲೆ ಬಾಗಿಲ ಕಡೆ ತಿರುಗಿದ. ಅಲ್ಲಿ ನಿಂತವಳು ಸೆರಗಿನೊಳಗೆ ಕೈ ಮುಚ್ಚಿಕೊಳ್ಳಲು ಹೋದಳು, ಬಳೆ ಗಲ್ ಎಂದಿತು.

ಚನ್ನರಾಯಪ್ಪ ಎದ್ದು ಹೋಗಿ ಟೇಪನ್ನು ಹಿಂದಕ್ಕೋಡಿಸಿ, ಅದೇ ಜಾಗವನ್ನು ಇನ್ನೊಂದು ಸಲ ಹಾಕಿದ.